ಬಾಗಿಲ ಹೊರಗಿನ ಮೇಷ್ಟ್ರು

ನವೆಂಬರ್ 3, 1590

ನಿನ್ನೆ ಹಿರಿಯ ಮೇಷ್ಟ್ರು ಗಾರ್ತ್ ಅವರನ್ನು ಮಣ್ಣು ಮಾಡಿದೆವು. ಒಳ್ಳೆಯ ಮನುಷ್ಯ. ಕೊನೆಕೊನೆಗೆ ಕಿವಿಯೂ ಕೇಳುತ್ತಿರಲಿಲ್ಲ, ಕಣ್ಣೂ ಕಾಣುತ್ತಿರಲಿಲ್ಲ. ಆರು ವರ್ಷ ಅವರ ಕೆಲಸವನ್ನೂ ನಾನೇ ಮಾಡಿದೆ. ಇದನ್ನು ಊರಲ್ಲಿ ಹೇಳಿಕೊಂಡು ತಿರುಗಿದರೆ ಚೆನ್ನಾಗಿರುವುದಿಲ್ಲ, ಅದಕ್ಕೇ ಇಲ್ಲಿ ಬರೆದಿಡುತ್ತಿದ್ದೇನೆ.

ಸ್ಕೆಲ್‌ಬೆಕ್ ಗ್ರಾಮರ್ ಶಾಲೆಗೆ ನಾನು ಹದಿನೇಳು ವರ್ಷದಿಂದ ಕಿರಿಯ ಮೇಷ್ಟ್ರು. ಈ ಕಣಿವೆಯಲ್ಲಿ ನನ್ನಷ್ಟು ಲ್ಯಾಟಿನ್ ಬಲ್ಲವರು ಇನ್ನೊಬ್ಬರಿಲ್ಲ. ಪಾದ್ರಿಗಳಿಗೂ ಬರುತ್ತದೆ, ಆದರೆ ಅವರು ಮಾತಾಡುವಾಗ ಪ್ರತಿ ಪದಕ್ಕೂ ಒಮ್ಮೆ ಕೆಮ್ಮಬೇಕು. ಇದು ಜಂಬವಲ್ಲ, ಇದ್ದದ್ದನ್ನು ಹೇಳುತ್ತಿದ್ದೇನೆ.

ಸಮಾಧಿಯಿಂದ ಬರುವಾಗ ರೋಲೆಂಡ್ ಆಸ್ಕ್ಯೂ ನನ್ನ ತೋಳು ಹಿಡಿದು ಪಕ್ಕಕ್ಕೆ ಕರೆದರು. ಉಣ್ಣೆ ವ್ಯಾಪಾರಿ, ಶಾಲೆಯ ಒಂಬತ್ತು ಜನ ಆಡಳಿತದವರಲ್ಲಿ ಮುಖ್ಯರು.

"ಥರ್ಕೆಲ್, ಕ್ರಿಸ್‌ಮಸ್ ತನಕ ಶಾಲೆ ನೀವೇ ನಡೆಸ್ಕೊಂಡ್ಹೋಗಿ. ಡಿಸೆಂಬರ್ ಇಪ್ಪತ್ತೊಂದಕ್ಕೆ, ಸಂತ ತಾಮಸನ ಹಬ್ಬದ ದಿನ ನಾವು ಕೂತು ಹಿರೀ ಮೇಷ್ಟ್ರನ್ನ ಆರಿಸ್ತೀವಿ."

"ನನ್ನ ಹೆಸರೂ..."

"ಇದೆ ಕಣ್ರೀ, ಇದೆ. ಆದ್ರೆ ಒಂದ್ ಮಾತು. ಗಾರ್ತ್ ಅವ್ರನ್ನ ಈ ಹುಡುಗ್ರು ಐದು ವರ್ಷ ಒಂದೇ ಸಮ ಹೊರಗೆ ನಿಲ್ಸಿದ್ರು. ಪಕ್ಕದೂರ್ನೋರು ಸಂತೇಲಿ ನಮ್ಮನ್ನ ಆಡ್ಕೊಂಡು ನಗ್ತಾರೆ. ಈ ಸಲ ಬಾಗ್ಲು ಉಳಿಸ್ಕೊಳ್ಳಿ. ಉಳಿಸ್ಕೊಂಡ್ರೆ ಕೆಲ್ಸ ನಿಮ್ದು."

ಕ್ರಿಸ್‌ಮಸ್ ಹತ್ತಿರ ಬಂದಾಗ ಹುಡುಗರು ಒಳಗೆ ಸೇರಿಕೊಂಡು ಶಾಲೆಯ ಬಾಗಿಲು ಜಡಿಯುವುದು ನಮ್ಮಲ್ಲಿ ಹಳೆಯ ರೂಢಿ. ಮೂರು ದಿನದೊಳಗೆ ಮೇಷ್ಟ್ರು ಬಲದಿಂದಲೋ ಉಪಾಯದಿಂದಲೋ ಒಳಗೆ ನುಗ್ಗಿದರೆ ಎಲ್ಲರಿಗೂ ಏಟು. ಆಗದಿದ್ದರೆ ಹುಡುಗರು ಬರೆದುಕೊಟ್ಟ ಬೇಡಿಕೆಗೆ ಮೇಷ್ಟ್ರು ರುಜು ಹಾಕಬೇಕು, ಅದು ಒಂದು ವರ್ಷ ನಡೆಯಬೇಕು. ನಾನೂ ಹುಡುಗನಾಗಿದ್ದಾಗ ಒಳಗೆ ಕೂತು ಹಂದಿಮಾಂಸದ ಕಡುಬು ತಿಂದವನೇ. ಅವರ ಒಂದೊಂದು ಯುಕ್ತಿಯೂ ನನಗೆ ಗೊತ್ತು. ಕೆಲಸ ನನ್ನದಾಯಿತೆಂದೇ ಲೆಕ್ಕ.

ನವೆಂಬರ್ 12

ಕೇಂಬ್ರಿಜ್‌ನಿಂದ ಒಬ್ಬ ಅರ್ಜಿ ಹಾಕಿದ್ದಾನಂತೆ. ಪರ್ಸಿವಲ್ ಹೋಡ್, ಇಪ್ಪತ್ತಾರು ವರ್ಷ, ಪದವೀಧರ. ಮನೆಯಲ್ಲಿ ಅಕ್ಕ ಸಿಸ್ಲಿಗೆ ಹೇಳಿದೆ. ಅವಳು ಬ್ರೆಡ್ಡಿನ ಹಿಟ್ಟು ನಾದುತ್ತಿದ್ದಳು.

"ನಿಂಗೆ ಪದವಿ ಇಲ್ವಲ್ಲೋ ಆಂಬ್ರೋಸ್" ಎಂದಳು.

"ಪದವಿ ಅಂದ್ರೆ ಏನಕ್ಕಾ, ನಾಲ್ಕು ವರ್ಷ ಬೇರೆಯವ್ರ ಖರ್ಚಲ್ಲಿ ಊಟ ಮಾಡೋದು."

"ಆ ಊಟ ನಿಂಗೆ ಸಿಗ್ಲಿಲ್ಲ ಅಂತ ಹೊಟ್ಟೆಕಿಚ್ಚು."

ಹೊಟ್ಟೆಕಿಚ್ಚಲ್ಲ. ಆ ಹೋಡ್ ಎಂಬುವನು ನನ್ನ ಹಾಗೆ ವಾದ ಕಲಿಸಬಲ್ಲನೇ? ನನ್ನ ಪದ್ಧತಿಯೇ ಬೇರೆ. ಒಂದು ವಿಷಯ ಕೊಡುತ್ತೇನೆ, ಇಬ್ಬರು ಹುಡುಗರು ಎದುರುಬದುರು ನಿಲ್ಲುತ್ತಾರೆ. ಬೆಳಿಗ್ಗೆಯೆಲ್ಲ ಒಬ್ಬ ಹೌದೆನ್ನಬೇಕು, ಇನ್ನೊಬ್ಬ ಅಲ್ಲವೆನ್ನಬೇಕು. ಮಧ್ಯಾಹ್ನ ಹನ್ನೆರಡರ ಗಂಟೆ ಹೊಡೆದ ಕೂಡಲೇ ಪಕ್ಷ ಬದಲು, ಅಷ್ಟೊತ್ತು ಹೌದೆಂದವನು ಅಲ್ಲವೆನ್ನಬೇಕು. ಅದೂ ಮೊದಲಿನಷ್ಟೇ ಜೋರಾಗಿ. ಎದುರಾಳಿಯ ಮಾತನ್ನು ಎದುರಾಳಿಗಿಂತ ಚೆನ್ನಾಗಿ ಆಡಲಾರದವನು ವಾದ ಕಲಿತವನಲ್ಲ. ಈ ನಿಯಮವನ್ನು ಯಾವ ಪುಸ್ತಕದಿಂದಲೂ ತೆಗೆದದ್ದಲ್ಲ, ನಾನೇ ಮಾಡಿದ್ದು.

ಇವತ್ತು ಚರ್ಮ ಹದ ಮಾಡುವ ಮಾರಿಕ್‌ನ ಮಗ ಗೈಲ್ಸ್ ಪರವಾಗಿಲ್ಲ ಎನ್ನುವ ಹಾಗೆ ವಾದಿಸಿದ. ಹದಿನೈದು ವರ್ಷ, ಶಾಲೆಗೆಲ್ಲ ಹಿರಿಯ. ಮೈಯಿಂದ ಯಾವಾಗಲೂ ಚರ್ಮದ ಹದಕ್ಕೆ ಹಾಕುವ ಓಕ್ ತೊಗಟೆಯ ವಾಸನೆ. ಹುಡುಗರನ್ನು ಮುಖದ ಮೇಲೆ ಹೊಗಳಿದರೆ ಕೆಡುತ್ತಾರೆ, ಆದ್ದರಿಂದ "ಕೂತ್ಕೋ" ಎಂದೆ.

ನವೆಂಬರ್ 27

ವಿಪರೀತ ಚಳಿ. ಮಸಿ ಕುಡಿಕೆಯಲ್ಲೇ ಹೆಪ್ಪುಗಟ್ಟಿತ್ತು. ಶಾಲೆ ಕಟ್ಟಿಸಿದ ಪುಣ್ಯಾತ್ಮ ದೊಡ್ಡ ಬೆಂಕಿಗೂಡು ಇಡಿಸಿದ್ದಾನೆ, ಆದರೆ ಅದಕ್ಕೆ ಸೌದೆ ಹಾಕಿಸಿದ ಆಡಳಿತದವರನ್ನು ನಾನು ಕಂಡಿಲ್ಲ. ಬೆಚ್ಚಗಿದ್ದರೆ ಹುಡುಗರಿಗೆ ನಿದ್ದೆ ಬರುತ್ತದೆಂದು ಅವರ ಅಭಿಪ್ರಾಯ. ನಾನೂ ಹಾಗೇ ಹೇಳಿಕೊಂಡು ಬಂದಿದ್ದೇನೆ.

ಮೊದಲನೇ ತರಗತಿಯ ರಾಬಿನ್ ಟನ್‌ಸ್ಟಾಲ್ ಪಾಠ ಒಪ್ಪಿಸುವಾಗ ಮೂರು ಕಡೆ ತಪ್ಪಿದ. ನಿಯಮದಂತೆ ಮೂರು ಏಟು. ಏಳು ವರ್ಷದ ಹುಡುಗ. ಬರ್ಚ್ ಕೋಲು ಬಿದ್ದಾಗ ಅವನು ಕೂಗಲಿಲ್ಲ. ಕೈ ಮರಗಟ್ಟಿಹೋಗಿತ್ತು, ಏಟು ಬಿದ್ದದ್ದೇ ಗೊತ್ತಾಗಲಿಲ್ಲವೆಂದು ಆಮೇಲೆ ಪಕ್ಕದವನಿಗೆ ಹೇಳುತ್ತಿದ್ದ. ಅದೂ ಇಂಗ್ಲಿಷಿನಲ್ಲಿ. ಶಾಲೆಯೊಳಗೆ ಲ್ಯಾಟಿನ್ ಮಾತ್ರವೆಂಬುದು ನಿಯಮ, ಇಂಗ್ಲಿಷ್ ಆಡಿದ್ದಕ್ಕೆ ಇನ್ನೊಂದು ಕೊಡಬೇಕಿತ್ತು, ಕೇಳಿಸದವನ ಹಾಗೆ ಸುಮ್ಮನಾದೆ. ನನಗೂ ಕೈ ನೋಯುತ್ತಿತ್ತು.

ಡಿಸೆಂಬರ್ 7

ಹಾಸಿಗೆಯನ್ನು ಶಾಲೆಗೇ ಸಾಗಿಸಿದ್ದೇನೆ. ಬಾಗಿಲಿಗೆ ಅಡ್ಡವಾಗಿ ಮಲಗುತ್ತೇನೆ, ಬೀಗದ ಕೈ ಕೊರಳಲ್ಲಿ. ಸಿಸ್ಲಿ ಬೆಳಿಗ್ಗೆ ಗಂಜಿ, ಚೀಸು ಇಲ್ಲಿಗೇ ತರುತ್ತಾಳೆ.

"ಕೋಟೆ ಕಾಯೋ ಸೇನಾಪತಿಗೆ ಗಂಜಿ ತಂದಿದೀನಿ" ಎಂದು ಹುಡುಗರೆದುರೇ ಹೇಳಿದಳು.

ಹುಡುಗರು ನಗಲಿಲ್ಲ. ಗೈಲ್ಸ್ ಮಾರಿಕ್ ಎದ್ದು ಬಂದು ಅವಳ ಕೈಯಿಂದ ಪಾತ್ರೆ ಇಸಿದುಕೊಂಡು ನನ್ನ ಮೇಜಿನ ಮೇಲಿಟ್ಟ. ಅಷ್ಟು ವಿನಯ ಕಂಡಾಗಲೇ ನಾನು ಎಚ್ಚರಗೊಳ್ಳಬೇಕು. ಎಚ್ಚರಗೊಂಡಿದ್ದೇನೆ. ಹೊಸಬ ಹೋಡ್ ಇಲ್ಲಿದ್ದಿದ್ದರೆ ಇಷ್ಟೊತ್ತಿಗೆ ಆಚೆ ನಿಂತು ಬಾಗಿಲು ಬಡಿಯುತ್ತಿದ್ದ.

ಡಿಸೆಂಬರ್ 14

ಬೆಳಿಗ್ಗೆ ಏಳಕ್ಕೆ ಗ್ರೀನ್ ಮ್ಯಾನ್ ಛತ್ರದ ಆಳು ಒಂದು ಪತ್ರ ತಂದುಕೊಟ್ಟ. ಲ್ಯಾಟಿನ್ ಪತ್ರ. ಉತ್ತರಕ್ಕೆ ಪ್ರಯಾಣ ಹೊರಟ ಒಬ್ಬ ಪಂಡಿತ ಛತ್ರದಲ್ಲಿ ಇಳಿದಿದ್ದಾನಂತೆ, ನನ್ನ ಕೀರ್ತಿ ಯಾರ್ಕ್ ನಗರದವರೆಗೂ ಕೇಳಿಬಂದಿದೆಯಂತೆ, ಕುದುರೆ ಹೊರಡುವ ಮುಂಚೆ ಅರ್ಧ ಗಂಟೆ ನನ್ನ ಮಾತು ಕೇಳುವ ಭಾಗ್ಯ ಬೇಕಂತೆ. ಎಂಥ ಶೈಲಿ! ಆರಂಭ, ಸ್ತುತಿ, ಕೋರಿಕೆ, ಮುಕ್ತಾಯ ಎಲ್ಲ ಇರಬೇಕಾದ ಜಾಗದಲ್ಲಿದ್ದವು. ಹೀಗೆ ಬರೆಯುವವರು ಆಕ್ಸ್‌ಫರ್ಡ್‌ನಲ್ಲಿ ಮಾತ್ರ ಸಿಗುತ್ತಾರೆ ಎಂದುಕೊಂಡೆ. ಆಗತಾನೇ ಬಂದು ಕೂತಿದ್ದ ಹುಡುಗರಿಗೆ ಓದಿಕೊಳ್ಳಲು ಹೇಳಿ, ಒಳ್ಳೆಯ ನಿಲುವಂಗಿ ಹಾಕಿಕೊಂಡು ಹೊರಟೆ.

ಛತ್ರದಲ್ಲಿ ಒಬ್ಬ ಕುರಿ ವ್ಯಾಪಾರಿ, ಒಂದು ನಾಯಿ. ಪಂಡಿತ ಯಾರೂ ಇರಲಿಲ್ಲ.

ಓಡೋಡಿ ಬರುವಷ್ಟರಲ್ಲಿ ಬಾಗಿಲು ಜಡಿದಿತ್ತು. ಒಳಗಿನಿಂದ ಮೇಜು ಬೆಂಚುಗಳನ್ನು ಒಟ್ಟಿದ ಸದ್ದು ಕೇಳಿಸಿತು. ನನ್ನನ್ನು ಮಂಗ ಮಾಡಿದ್ದಾರೆ. ಹದಿನೇಳು ವರ್ಷ ಕಲಿಸಿದ್ದಕ್ಕೆ ಇದು ಗುರುದಕ್ಷಿಣೆ.

ಪತ್ರವನ್ನು ಮತ್ತೆ ಓದಿದೆ. ಸಿಟ್ಟಿನಲ್ಲಿ ಒಂದು ತಪ್ಪಾದರೂ ಹುಡುಕೋಣವೆಂದು ಓದಿದೆ. ಒಂದೂ ಸಿಗಲಿಲ್ಲ. ಸಿಸ್ಲಿ, "ಅದನ್ನ ಒಲೆಗೆ ಹಾಕೋ" ಎಂದಳು. ಹಾಕಲಿಲ್ಲ.

ಡಿಸೆಂಬರ್ 15

ಬಾಗಿಲಿಗೆ ಭುಜ ಕೊಟ್ಟೆ, ಭುಜ ಬಾತಿದೆ. ಹಿಂದಿನ ಕಿಟಕಿಗೆ ಏಣಿ ಹಾಕಿದೆ, ಬಟಾಣಿ ಕಾಳಿನ ಮಳೆ ಸುರಿಸಿದರು. ಚಿಮಣಿಯಿಂದ ಇಳಿಯಬಹುದೆಂದು ತಲೆಯೆತ್ತಿದರೆ ಹೊಗೆ ಬರುತ್ತಿದೆ! ಹದಿನೇಳು ವರ್ಷದಲ್ಲಿ ಆ ಚಿಮಣಿಯಿಂದ ಹೊಗೆ ಬಂದದ್ದನ್ನು ಇವತ್ತೇ ಕಂಡದ್ದು. ನಲವತ್ತೆರಡು ಹುಡುಗರೂ ಮನೆಯಿಂದ ಒಂದೊಂದು ಸೌದೆ ಕದ್ದು ತಂದಿದ್ದಾರೆಂದು ಸಿಸ್ಲಿ ಸುದ್ದಿ ತಂದಳು.

ಮಧ್ಯಾಹ್ನ ಗೋಡೆಗೆ ಕಿವಿಯಿಟ್ಟೆ. ಗಲಾಟೆ, ಕುಣಿತ, ಇಸ್ಪೀಟು ಇದ್ದೀತೆಂದುಕೊಂಡಿದ್ದೆ. ನಮ್ಮ ಕಾಲದಲ್ಲಿ ನಾವು ಮೂರು ದಿನ ಒಂದು ಸಾಲು ಓದಿರಲಿಲ್ಲ. ಒಳಗೆ ಗೈಲ್ಸ್ ಮೊದಲನೇ ತರಗತಿಗೆ ಪಾಠ ಹೇಳುತ್ತಿದ್ದ.

"ಗಾಬ್ರಿ ಬೇಡ ರಾಬಿನ್, ಎಲ್ಲಿ ತಪ್ಪಿದ್ದು ಅಂತ ನೀನೇ ಹೇಳು ನೋಡೋಣ."

ಆಮೇಲೆ ರಾಬಿನ್ ಅದೇ ಪಾಠವನ್ನು, ನನ್ನೆದುರು ಮೂರು ಕಡೆ ತಪ್ಪಿದ್ದ ಪಾಠವನ್ನು, ಮೊದಲಿಂದ ಕೊನೆಯವರೆಗೂ ಒಪ್ಪಿಸಿದ. ಉಳಿದವರು ಬೆಂಚು ಬಡಿದು ಕೂಗಿದರು. ನಾನು ಹಿಮದಲ್ಲಿ ನಿಂತು ಕೇಳುತ್ತಿದ್ದೆ. ಉಚ್ಚಾರಣೆಯಲ್ಲಿ ಇನ್ನೂ ಸ್ವಲ್ಪ ಸುಧಾರಿಸಬೇಕು.

ಗೈಲ್ಸ್ ಪಾಠ ಹೇಳುವ ಕ್ರಮ ನನ್ನದೇ, ಅದರಲ್ಲಿ ಅನುಮಾನವಿಲ್ಲ. ಕೋಲು ಮಾತ್ರ ಇರಲಿಲ್ಲ. ಏಣಿ ಅಲ್ಲೇ ಒರಗಿತ್ತು, ಎಲ್ಲರೂ ಬೆಂಕಿಯ ಸುತ್ತ ಇದ್ದರು. ಆಗ ಹತ್ತಿದ್ದರೆ ಒಳಗೆ ಇಳಿಯಬಹುದಿತ್ತು. ಪಾಠ ನಡೆಯುವಾಗ ಅಡ್ಡಿಪಡಿಸುವ ಅಭ್ಯಾಸ ನನಗಿಲ್ಲ.

ಡಿಸೆಂಬರ್ 16

ಇವತ್ತಿನದನ್ನು ಪೂರ್ತಿ ಬರೆಯಬೇಕು.

ಬೆಳಿಗ್ಗೆ ಹತ್ತಕ್ಕೆ ಆಸ್ಕ್ಯೂ, ಪಾದ್ರಿಗಳು, ಜೊತೆಗೆ ಕೊಡಲಿ ಹಿಡಿದ ಬಡಗಿ. ಹಿಂದೆ ಅರ್ಧ ಊರು.

"ಬಾಗ್ಲು ಒಡೆದು ಬಿಸಾಕ್ತೀವಿ ಥರ್ಕೆಲ್. ಪಕ್ಕಕ್ಕೆ ನಿಲ್ಲಿ."

ನಾನು ಬಾಗಿಲಿಗೆ ಬೆನ್ನು ಕೊಟ್ಟು ನಿಂತೆ. ಯಾಕೆ ನಿಂತೆನೋ. "ಯಜಮಾನ್ರೆ, ರೂಢಿ ಪ್ರಕಾರ ಸೂರ್ಯ ಮುಳುಗೋ ತನಕ ಟೈಮಿದೆ. ಕೊಡಲಿ ಯಾಕೆ, ಮಾತಲ್ಲೇ ತೆಗೆಸ್ತೀನಿ."

ಮೇಲಿನ ಕಿಟಕಿ ತೆರೆಯಿತು. ಗೈಲ್ಸ್ ತಲೆ ಹಾಕಿದ. ಶುದ್ಧ ಲ್ಯಾಟಿನ್‌ನಲ್ಲಿ, ಬೇಡಿಕೆ ಎರಡೇ ಎಂದ. ಚಳಿಗಾಲವಿಡೀ ಶಾಲೆಯಲ್ಲಿ ಬೆಂಕಿ ಉರಿಯಬೇಕು. ಕೋಲು ಕಿಡಿಗೇಡಿತನಕ್ಕಿರಲಿ, ಪಾಠ ತಪ್ಪಿದ್ದಕ್ಕೆ ಬೇಡ. ಇವು ನ್ಯಾಯವೋ ಅನ್ಯಾಯವೋ ವಾದವಾಗಲಿ, ಪಾದ್ರಿಗಳು ತೀರ್ಪು ಕೊಡಲಿ. ಅನ್ಯಾಯವೆಂದು ತೀರ್ಪಾದರೆ ಬಾಗಿಲು ತೆರೆಯುತ್ತೇವೆ, ನ್ಯಾಯವೆಂದಾದರೆ ಮೇಷ್ಟ್ರು ರುಜು ಹಾಕಬೇಕು.

ಲ್ಯಾಟಿನ್‌ನಲ್ಲಿ ನನ್ನನ್ನು ಸೋಲಿಸುವವನು ಈ ಕಣಿವೆಯಲ್ಲಿ ಇನ್ನೂ ಹುಟ್ಟಿಲ್ಲ. ಒಪ್ಪಿಕೊಂಡೆ. ಆಸ್ಕ್ಯೂ ಕೂಡ ಇದೇ ಶಾಲೆಯಲ್ಲಿ ಓದಿದವರು, ಎಲ್ಲ ಮರೆತಿದ್ದಾರೆ, ಆದರೆ ಜನರೆದುರು ಅರ್ಥವಾಯಿತೆಂಬಂತೆ ತಲೆಯಾಡಿಸಿದರು.

ಒಂದೂವರೆ ಗಂಟೆ ನಾನು ಅವರನ್ನು ಹಣ್ಣುಗಾಯಿ ಮಾಡಿದೆ. ಕಷ್ಟವಿಲ್ಲದೆ ವಿದ್ಯೆಯಿಲ್ಲ, ನಿಮ್ಮ ತಂದೆಯರು ಇದೇ ಚಳಿಯಲ್ಲಿ ಕಲಿತರು, ದಂಡನೆಯ ಭಯವಿಲ್ಲದ ಸ್ಮೃತಿ ನಿಲ್ಲದು ಎಂದೆ. ಕಿಟಕಿಯಲ್ಲಿ ಒಬ್ಬೊಬ್ಬರೇ ಸೋತು ಹಿಂದೆ ಸರಿದರು. ಗೈಲ್ಸ್ ಒಬ್ಬ ಉಳಿದ, ಅವನಿಗೂ ಮಾತು ತಡವರಿಸುತ್ತಿತ್ತು. ಪಾದ್ರಿಗಳು ನನ್ನ ಕಡೆ ನೋಡಿ ಮುಗುಳ್ನಕ್ಕರು. ಕೆಲಸ ನನ್ನ ಕೈಗೆ ಬಂದುಬಿಟ್ಟಿತ್ತು.

ಅಷ್ಟರಲ್ಲಿ ಚರ್ಚಿನ ಗಂಟೆ ಹನ್ನೆರಡು ಹೊಡೆಯಿತು.

ಗೈಲ್ಸ್ ಬೆನ್ನು ನೆಟ್ಟಗೆ ಮಾಡಿದ. "ಗುರುವರ್ಯರೇ, ಮಧ್ಯಾಹ್ನವಾಯಿತು. ಪಕ್ಷಗಳು ಬದಲಾಗತಕ್ಕದ್ದೆಂಬುದು ತಮ್ಮದೇ ನಿಯಮ. ಇನ್ನು ಮೇಲೆ ತಾವು ನಮ್ಮ ಬೇಡಿಕೆಗಳ ಪರವಾಗಿ ಮಾತಾಡಬೇಕು, ನಾನು ತಮ್ಮ ಪರವಾಗಿ."

ಆ ನಿಯಮ ಪಾಠಕ್ಕೆ ಮಾತ್ರ ಎನ್ನಬಹುದಿತ್ತು. ಯಾರೂ ತಪ್ಪೆನ್ನುತ್ತಿರಲಿಲ್ಲ. ಆದರೆ ನನ್ನ ನಿಯಮವನ್ನು ನಾನೇ ಮುರಿದರೆ ಆ ಕಿಟಕಿಯಲ್ಲಿದ್ದವರು ನಾಳೆ ಏನನ್ನು ನಂಬಬೇಕು? ಇನ್ನೊಂದೂ ಇದೆ, ಇಲ್ಲಿ ಸುಳ್ಳು ಬರೆದು ಪ್ರಯೋಜನವಿಲ್ಲ. ಆ ಪಕ್ಷದಲ್ಲಿ ಆಡಬೇಕಾದ ಮಾತುಗಳು ನಾಲಿಗೆಯ ತುದಿಯಲ್ಲಿ ಆಗಲೇ ಬಂದು ಕೂತಿದ್ದವು. ಇಂಥ ಒಳ್ಳೆಯ ವಾದವನ್ನು ಹುಡುಗರು ಕೆಟ್ಟದಾಗಿ ಆಡಿದ್ದರು, ಅದನ್ನು ಹೇಗೆ ಆಡಬೇಕೆಂದು ಒಮ್ಮೆ ತೋರಿಸೋಣವೆನ್ನಿಸಿತು.

ತೋರಿಸಿದೆ. ಮಸಿ ಹೆಪ್ಪುಗಟ್ಟುವ ಜಾಗದಲ್ಲಿ ಬುದ್ಧಿ ಹರಿಯಲೆಂದು ಕೇಳುವುದು ನ್ಯಾಯವೇ ಎಂದೆ. ತಪ್ಪಿಗೆ ಏಟು ತಿಂದ ಮಗು ತಪ್ಪನ್ನು ಬಿಡುವುದಿಲ್ಲ, ಬಚ್ಚಿಡುತ್ತದೆ. ಬಚ್ಚಿಟ್ಟದ್ದನ್ನು ಯಾವ ಗುರು ತಿದ್ದಬಲ್ಲ? ಏಟು ಬಿದ್ದದ್ದೇ ತಿಳಿಯದಷ್ಟು ಮರಗಟ್ಟಿದ ಕೈಯನ್ನು ನಾನು ಕಂಡಿದ್ದೇನೆ ಎಂದೆ. ಆ ಕೈಗೆ ಹೊಡೆದವನು ನಾನೇ ಎಂದೆ. ಇದನ್ನು ಹೇಳಬೇಕೆಂದು ಅಂದುಕೊಂಡಿರಲಿಲ್ಲ. ಹೊರಗೆ ಬಂದುಬಿಟ್ಟಿತು. ಲ್ಯಾಟಿನ್‌ನಲ್ಲಿ ಹೇಳಿದ್ದರಿಂದ ಸಿಸ್ಲಿಗೆ ತಿಳಿಯಲಿಲ್ಲ, ಆದರೂ ಅವಳು ಮುಸುಕಿನ ತುದಿಯಿಂದ ಮೂಗು ಒರೆಸಿಕೊಂಡಳು.

ಆಮೇಲೆ ಗೈಲ್ಸ್ ನನ್ನ ಪಕ್ಷ ವಹಿಸಿದ. ದೇವರೇ, ಆ ಹುಡುಗ ಮಾತಾಡಿದ ರೀತಿ! ಬೆಳಿಗ್ಗೆ ನಾನು ಆಡಿದ್ದೆಲ್ಲವನ್ನೂ ನನಗಿಂತ ಚುರುಕಾಗಿ ಆಡಿದ. ನಾನು ಮರೆತಿದ್ದ ಎರಡು ಕಾರಣಗಳನ್ನೂ ಸೇರಿಸಿದ. ಬೆಳಿಗ್ಗೆ ತಡವರಿಸಿದ್ದೇ ನಾಟಕವೋ ಏನೋ. ಕೆಳಗೆ ನಿಂತ ಅವನಪ್ಪನಿಗೆ ಒಂದಕ್ಷರ ಅರ್ಥವಾಗಲಿಲ್ಲ, ಚರ್ಮದ ಏಪ್ರನ್ನಿನಲ್ಲೇ ಬಂದಿದ್ದ, ಟೋಪಿ ತೆಗೆದು ಎದೆಗಿಟ್ಟುಕೊಂಡಿದ್ದ. ನನಗೆ ಎದೆ ತುಂಬಿ ಬಂತು. ನಾನು ಎದುರು ಪಕ್ಷದವನೆಂಬುದು ಮರೆತು "ಭಲೇ!" ಎಂದು ಕೂಗಿಬಿಟ್ಟೆ. ಅದೂ ಇಂಗ್ಲಿಷಿನಲ್ಲಿ.

ಪಾದ್ರಿಗಳು ಕೆಮ್ಮಿ ಕೆಮ್ಮಿ ತೀರ್ಪು ಕೊಟ್ಟರು. ಇಬ್ಬರೂ ಸರಿಸಮವೇ, ಆದರೆ ಬೇಡಿಕೆಯ ಪರವಾಗಿ ಆಡಿದ್ದು ಕಣ್ಣಾರೆ ಕಂಡು ಆಡಿದ ಮಾತು, ಆದ್ದರಿಂದ ಆ ಪಕ್ಷವೇ ಗೆದ್ದಿತು ಎಂದರು.

ಆಸ್ಕ್ಯೂ ಪಾದ್ರಿಗಳ ಕಿವಿಯ ಹತ್ತಿರ ಬಾಗಿದರು. "ಯಾರು ಗೆದ್ದಿದ್ದು?"

"ಥರ್ಕೆಲ್ ಗೆದ್ರು."

"ಶಾಭಾಸ್! ಹಾಗಾದ್ರೆ ಬಾಗ್ಲು ತೆಗೀರೋ!"

"ಇಲ್ಲ ಯಜಮಾನ್ರೆ. ಥರ್ಕೆಲ್ ಗೆದ್ದಿದ್ರಿಂದ ಥರ್ಕೆಲ್ ರುಜು ಹಾಕ್ಬೇಕು."

ಆಸ್ಕ್ಯೂ ಮುಖ ಬೀಟ್‌ರೂಟಾಯಿತು. "ಇದೇನ್ರೀ ನ್ಯಾಯ! ಆ ಲ್ಯಾಟಿನ್ ಕಲಿತೋರೆಲ್ಲ ಹಿಂಗೇನಾ?"

ಕಿಟಕಿಯಿಂದ ದಾರ ಕಟ್ಟಿ ಕಾಗದ, ಮಸಿ, ಗರಿ ಇಳಿಸಿದರು. ಮಸಿ ಬೆಚ್ಚಗಿತ್ತು, ಬೆಂಕಿಯ ಪಕ್ಕ ಇಟ್ಟಿದ್ದರೆಂದು ಕಾಣುತ್ತದೆ. ಹಿಮ ಬೀಳುತ್ತಿತ್ತು, ಕಣ್ಣು ಸರಿಯಾಗಿ ಕಾಣುತ್ತಿರಲಿಲ್ಲ. ಬೇಡಿಕೆ ಎರಡೂ ಇವೆಯೆಂದು ನೋಡಿಕೊಂಡು ರುಜು ಹಾಕಿದೆ. ಬಾಗಿಲು ತೆರೆಯಿತು. ಒಳಗಿನ ಬಿಸಿ ಮುಖಕ್ಕೆ ಬಂದು ತಾಗಿತು. ನೆಲ ಗುಡಿಸಿ, ಬೆಂಚುಗಳನ್ನು ಮತ್ತೆ ಸಾಲಾಗಿ ಜೋಡಿಸಿಟ್ಟಿದ್ದರು.

"ಕೂತ್ಕೋ" ಎಂದೆ ಗೈಲ್ಸ್‌ಗೆ.

ಡಿಸೆಂಬರ್ 21

ಹೋಡ್‌ನನ್ನು ಆರಿಸಿದರು. ಏಳಕ್ಕೆ ಎರಡು.

ಆಸ್ಕ್ಯೂ ತಾವೇ ಮನೆಗೆ ಬಂದು ಹೇಳಿದರು. "ನಿಮ್ಮ ವಿದ್ಯೆ ಬಗ್ಗೆ ಯಾರ್ಗೂ ಎರಡ್ ಮಾತಿಲ್ಲ ಮೇಷ್ಟ್ರೆ. ಆದ್ರೆ ಗೆದ್ದು ಸೋಲೋರನ್ನ ಕಟ್ಕೊಂಡು ನಾವೇನ್ ಮಾಡೋದು, ನೀವೇ ಹೇಳಿ."

ಅವರು ಹೋದ ಮೇಲೆ ಸಿಸ್ಲಿ ದೊಡ್ಡ ಬಟ್ಟಲಿನಲ್ಲಿ ಬಿಸಿ ಏಲ್ ಮದ್ಯ ತಂದು ಮುಂದಿಟ್ಟಳು. ಛೇಡಿಸಲಿಲ್ಲ. ಅದಕ್ಕೇ ಹೆಚ್ಚು ದುಃಖವಾಯಿತು. ಬಹಳ ದುಃಖವಾಯಿತು.

ಡಿಸೆಂಬರ್ 29

ಗೈಲ್ಸ್ ಮಾರಿಕ್ ಮನೆಗೆ ಬಂದಿದ್ದ. ಅವನಪ್ಪ ಒಂದು ಜೊತೆ ಚರ್ಮದ ಕೈಗವಸು ಕಳಿಸಿದ್ದ. ಹುಡುಗ ಬಾಗಿಲಲ್ಲೇ ನಿಂತ.

"ಮೇಷ್ಟ್ರೆ, ನಮ್ಮಿಂದ ನಿಮ್ಗೆ ಹಿರೀ ಮೇಷ್ಟ್ರ ಕೆಲ್ಸ ತಪ್ಪೋಯ್ತು. ಗೊತ್ತಿದ್ರೆ ನಾವು..."

"ಗೊತ್ತಿದ್ರೆ? ಗೊತ್ತಿದ್ರೂ ಗಂಟೆ ಹನ್ನೆರಡಕ್ಕೇ ಹೊಡೀತಿತ್ತು. ನಾಳೆಯಿಂದ ಸಂಜೆ ಇಲ್ಲಿಗೆ ಬಾ, ನಿಂಗೆ ಗ್ರೀಕ್ ಶುರು ಮಾಡೋಣ. ಕೇಂಬ್ರಿಜ್‌ನೋರು ನಿನ್ನ ಪರೀಕ್ಷೆ ಮಾಡುವಾಗ ಅವ್ರೇ ತಡವರಿಸ್ಬೇಕು."

ಗ್ರೀಕ್ ನನಗೂ ಅಷ್ಟಕ್ಕಷ್ಟೆ. ಇವತ್ತು ರಾತ್ರಿಯೇ ನಾನು ಸ್ವಲ್ಪ ಓದಿಕೊಳ್ಳಬೇಕು.

ಜನವರಿ 8

ಶಾಲೆ ತೆರೆಯಿತು. ಹೋಡ್ ಬಂದಿದ್ದಾನೆ. ಬಂದಿದ್ದಾರೆ ಎನ್ನಬೇಕು, ಹಿರಿಯ ಮೇಷ್ಟ್ರು. ತೆಳ್ಳಗೆ, ಬೆಳ್ಳಗೆ, ಸದಾ ನೆಗಡಿ. ಕೆಟ್ಟವರಲ್ಲ. ಲ್ಯಾಟಿನ್ ಚೆನ್ನಾಗಿದೆ, ನನ್ನಷ್ಟಲ್ಲ.

ಪ್ರಾರ್ಥನೆ ಮುಗಿದ ಮೇಲೆ ಗೋಡೆಗೆ ಹೊಡೆದಿದ್ದ ಬೇಡಿಕೆಯ ಕಾಗದದ ಮುಂದೆ ನಿಂತರು. ಬೆಂಕಿ ಉರಿಯುತ್ತಿತ್ತು. ಬಹಳ ಹೊತ್ತು ಓದಿ ನನ್ನನ್ನು ಕರೆದರು.

"ಮಿಸ್ಟರ್ ಥರ್ಕೆಲ್, ಇದ್ರಲ್ಲಿ ಒಂದು ತಪ್ಪಿದೆ ನೋಡಿದ್ರಾ?"

"ಸಾಧ್ಯವಿಲ್ಲ" ಎಂದೆ. ನನ್ನ ಹುಡುಗರು ಬರೆದದ್ದು.

ಅವರು ಬೆರಳಿಟ್ಟು ತೋರಿಸಿದರು. ನನ್ನ ರುಜುವಿನ ಮೇಲೆ ಗೈಲ್ಸ್‌ನ ಕೈಬರಹದಲ್ಲಿ, ಅಚ್ಚುಕಟ್ಟಾಗಿ, "ನಮ್ಮ ಹಿರಿಯ ಮೇಷ್ಟ್ರಾದ ಆಂಬ್ರೋಸ್ ಥರ್ಕೆಲ್ ಅವರಿಂದ ಅಂಗೀಕೃತ" ಎಂದಿತ್ತು. ಹಿಮದಲ್ಲಿ ರುಜು ಹಾಕುವಾಗ ನಾನು ಈ ಸಾಲನ್ನು ನೋಡಿಯೇ ಇರಲಿಲ್ಲ. ಕಾಗದದ ಕೆಳಗೆ ನಲವತ್ತೆರಡು ಹೆಸರುಗಳಿದ್ದವು, ಕೊನೆಯದು ರಾಬಿನ್‌ನದು, ಡೊಂಕು ಅಕ್ಷರದಲ್ಲಿ.

"ನೀವು ಕಿರಿಯ ಮೇಷ್ಟ್ರು" ಎಂದರು ಹೋಡ್, ಮೆಲ್ಲಗೆ, ನೋಯಿಸುವ ಉದ್ದೇಶವಿಲ್ಲದೆ. "ಹಿರಿಯ ಮೇಷ್ಟ್ರಲ್ಲದವ್ರು ಹಾಕಿದ ರುಜು ನಡೆಯಲ್ಲ. ಬೆಂಕಿ ಆರಿಸೋದೇ ಒಳ್ಳೇದು ಅಂತ ಆಸ್ಕ್ಯೂ ಅವ್ರೂ ಹೇಳಿದಾರೆ. ಆ 'ಹಿರಿಯ' ಅನ್ನೋ ಪದ ತಪ್ಪು ಅಂತ ನೀವು ಒಪ್ಕೊಂಡ್ರೆ ಸಾಕು."

ಹಿಂದಿನ ಬೆಂಚಿಗೂ ಕೇಳುವ ಹಾಗೆ ಹೇಳಿದೆ.

"ಸ್ವಾಮಿ, ಗಾರ್ತ್ ಅವ್ರು ತೀರ್ಕೊಂಡಿದ್ದು ನವೆಂಬರ್‌ನಲ್ಲಿ. ನೀವು ಬಂದಿದ್ದು ಇವತ್ತು. ಡಿಸೆಂಬರ್ ಹದಿನಾರನೇ ತಾರೀಕು ಈ ಶಾಲೆಗೆ ಒಬ್ಬ ಹಿರೀ ಮೇಷ್ಟ್ರು ಇದ್ದ. ಅವನು ನಾನು."

ಹೋಡ್ ನನ್ನ ಮುಖ ನೋಡಿದರು, ಕಾಗದ ನೋಡಿದರು, ಮೂಗು ಒರೆಸಿಕೊಂಡರು. ಆಮೇಲೆ ಬೆಂಕಿಯ ಹತ್ತಿರದ ಹುಡುಗನಿಗೆ ಇನ್ನೊಂದು ಸೌದೆ ಹಾಕಲು ಹೇಳಿ, ತಮ್ಮ ಪೀಠಕ್ಕೆ ಹೋಗಿ ಪುಸ್ತಕ ತೆರೆದರು.

ಹುಡುಗರ ಬರಹದಲ್ಲಿ ಒಂದು ತಪ್ಪನ್ನೂ ನಾನು ಈ ಹದಿನೇಳು ವರ್ಷದಲ್ಲಿ ಉಳಿಸಿದವನಲ್ಲ. ಆ ಸಾಲಿನಲ್ಲಿ ತಪ್ಪಿರಲಿಲ್ಲ, ಆದ್ದರಿಂದ ಮುಟ್ಟಲಿಲ್ಲ.